ಹಾಲು ಬತ್ತುವ ಹೊತ್ತು

ಹಬ್ಬದ ಊಟಕ್ಕೆ ಎಲೆ ಹಾಕಿದ ಮೇಲೆ ಕರ್ನಾಟಕದ ಎಷ್ಟೋ ಮನೆಗಳಲ್ಲಿ ಅನ್ನಕ್ಕೂ ಮೊದಲು ಎಲೆಯ ಬಲತುದಿಗೆ ಒಂದು ಚಮಚ ಪಾಯಸ ಬೀಳುತ್ತದೆ. ಯುಗಾದಿ, ಗೌರಿ ಹಬ್ಬ, ಗೃಹಪ್ರವೇಶ, ನಾಮಕರಣ ಯಾವುದೇ ಇರಲಿ, ಪಾಯಸವಿಲ್ಲದ ಅಡುಗೆಯನ್ನು ಹಬ್ಬದಡುಗೆ ಎಂದು ಒಪ್ಪಲು ಮನಸ್ಸು ಹಿಂಜರಿಯುತ್ತದೆ. ಪುತ್ತರಿಯಂದು ಕೊಡಗಿನಲ್ಲಿ ಹೊಸ ಅಕ್ಕಿಯ ಪಾಯಸ; ರಂಜಾನ್ ಮುಗಿದ ಬೆಳಗ್ಗೆ ಉತ್ತರ ಕರ್ನಾಟಕದ ಮುಸ್ಲಿಂ ಮನೆಗಳಲ್ಲಿ ಸುರಕುಂಬಾ. ದಶರಥನ ಪುತ್ರಕಾಮೇಷ್ಟಿಯ ಫಲವಾಗಿ ಬಂದದ್ದು ಪಾಯಸ. ಬೋಧಿವೃಕ್ಷದ ಕೆಳಗೆ ಕೂರುವ ಮುನ್ನ ಗೌತಮನಿಗೆ ಸುಜಾತೆ ಕೊಟ್ಟದ್ದೂ ಹಾಲಿನಲ್ಲಿ ಬೆಂದ ಅನ್ನವೇ. ಇಷ್ಟು ಹಳೆಯದಾದ, ಇಷ್ಟು ಜನರದಾದ ಈ ಅಡುಗೆಯೇ ಇಂದು ಎಲ್ಲಕ್ಕಿಂತ ಹೆಚ್ಚು ಅವಸರಕ್ಕೆ ಸಿಕ್ಕಿದೆ. ಕಂಡೆನ್ಸ್ಡ್ ಮಿಲ್ಕ್, ಕಸ್ಟರ್ಡ್ ಪುಡಿ, ಹಾಲಿನ ಪುಡಿ, ಹತ್ತು ನಿಮಿಷದ ಮಿಕ್ಸ್ ಪೊಟ್ಟಣ ಇವೆಲ್ಲ ಅಡುಗೆಮನೆಯ ಕಪಾಟಿನಲ್ಲಿ ಸಾಲಾಗಿ ಕೂತಿವೆ. ಇವುಗಳಿಂದ ಆಗುವುದೂ ಪಾಯಸವೇ ತಾನೆ ಎಂಬ ಪ್ರಶ್ನೆಗೆ ನನ್ನ ಉತ್ತರ ಹೀಗಿದೆ: ಹಾಲು ಪಾಯಸದಲ್ಲಿ ಹೊತ್ತು ಎಂಬುದೇ ಒಂದು ಪದಾರ್ಥ. ಅದನ್ನು ಕಡಿಮೆ ಹಾಕಿದರೆ ಬೇರೆ ಯಾವುದನ್ನು ಎಷ್ಟು ಹೆಚ್ಚು ಹಾಕಿದರೂ ಆ ಕೊರತೆ ತುಂಬುವುದಿಲ್ಲ. ಹಳೆಯದರ ಮೇಲಿನ ಮೋಹದಿಂದ ಈ ಮಾತು ಹೇಳುತ್ತಿಲ್ಲ. ಒಲೆಯ ಮೇಲಿನ ಆ ಒಂದು ಗಂಟೆಯಲ್ಲಿ ಹಾಲಿನೊಳಗೆ ಎರಡು ಕೆಲಸಗಳು ನಡೆಯುತ್ತವೆ. ಅವೆರಡನ್ನೂ ಬಿಡಿಸಿ ನೋಡಿದರೆ ಸಾಕು, ಯಾವ ಅಡ್ಡದಾರಿ ಎಷ್ಟು ದೂರ ಕರೆದೊಯ್ಯುತ್ತದೆ ಎಂಬುದು ತಾನಾಗಿ ತಿಳಿಯುತ್ತದೆ.

ಮೊದಲ ಕೆಲಸ ನೀರನ್ನು ಹೊರಗೆ ಕಳಿಸುವುದು. ಹಸುವಿನ ಹಾಲಿನಲ್ಲಿ ನೂರಕ್ಕೆ ಸುಮಾರು 87 ಪಾಲು ನೀರು. ಉಳಿದ 13 ಪಾಲಿನಲ್ಲೇ ಕೊಬ್ಬು, ಪ್ರೋಟೀನು, ಖನಿಜಗಳು ಮತ್ತು ಹಾಲಿನ ಸ್ವಂತ ಸಕ್ಕರೆಯಾದ ಲ್ಯಾಕ್ಟೋಸ್ ಅಡಗಿವೆ. ಒಂದು ಲೀಟರ್ ಹಾಲಿನಲ್ಲಿ ಈ ಸಾರವೆಲ್ಲ ಸೇರಿ 130 ಗ್ರಾಂ ಆಸುಪಾಸು. ಅದರಲ್ಲಿ ಲ್ಯಾಕ್ಟೋಸ್ ಒಂದೇ 48 ಗ್ರಾಂನಷ್ಟು. ಹಾಲು ಅರ್ಧಕ್ಕೆ ಬತ್ತಿದಾಗ ಈ ಸಾರದಲ್ಲಿ ಏನೂ ಹೆಚ್ಚಾಗಿರುವುದಿಲ್ಲ. ಆದರೆ ಪ್ರತಿ ಚಮಚದಲ್ಲಿ ಅದು ಎರಡರಷ್ಟಾಗಿರುತ್ತದೆ. ನಾಲಿಗೆಗೆ ಸಿಗುವ ಕೆನೆಯ ದಪ್ಪ, ಹಾಲಿನದೇ ಆದ ಮಂದ ಸಿಹಿ, ನುಂಗಿದ ಮೇಲೂ ಉಳಿಯುವ ತುಂಬುತನ ಎಲ್ಲವೂ ಇಲ್ಲಿಂದ ಬರುತ್ತವೆ. ಕುದಿಯುವ ಹಾಲಿನ ಮೇಲೆ ಮತ್ತೆ ಮತ್ತೆ ಕಟ್ಟುವ ಕೆನೆಯದೂ ಇಲ್ಲಿ ಪಾಲಿದೆ. 70 ಡಿಗ್ರಿ ಸೆಲ್ಸಿಯಸ್ ದಾಟಿದಾಗ ಹಾಲಿನ ಕೆಲವು ಪ್ರೋಟೀನುಗಳು ತಮ್ಮ ಆಕಾರ ಬಿಚ್ಚಿಕೊಂಡು ಒಂದಕ್ಕೊಂದು ಹೆಣೆದುಕೊಳ್ಳುತ್ತವೆ. ಮೇಲ್ಮೈಯ ನೀರು ಆರಿದಂತೆ ಕೊಬ್ಬನ್ನೂ ಸೇರಿಸಿಕೊಂಡು ಪದರವಾಗುತ್ತವೆ. ಆ ಪದರವನ್ನು ಹಾಗೇ ಬಿಟ್ಟರೆ ಅದು ಮುಚ್ಚಳದಂತೆ ಆವಿಯನ್ನು ತಡೆಯುತ್ತದೆ. ಸೌಟಿನಿಂದ ಮಡಚಿ ಒಳಗೆ ಸೇರಿಸಿ, ಪಾತ್ರೆಯ ಅಂಚಿಗೆ ಅಂಟಿದ್ದನ್ನೂ ಕೆರೆದು ಬೆರೆಸಿದರೆ ನೀರು ಹೋಗುವ ದಾರಿಯೂ ತೆರೆದಿರುತ್ತದೆ, ಪಾಯಸಕ್ಕೆ ಸಣ್ಣ ಸಣ್ಣ ಕೆನೆಯ ಎಳೆಗಳೂ ಸಿಗುತ್ತವೆ. ಬಾಸುಂದಿ ಮಾಡುವವರು ಅಗಲ ಬಾಯಿಯ ಬಾಣಲೆಯನ್ನೇ ಹುಡುಕುವುದು ಇದೇ ಕಾರಣಕ್ಕೆ. ಅಗಲ ಹೆಚ್ಚಿದಷ್ಟೂ ನೀರಿಗೆ ಹೊರಹೋಗಲು ಜಾಗ ಹೆಚ್ಚು.

ಎರಡನೆಯ ಕೆಲಸ ಕಣ್ಣಿಗೆ ಅಷ್ಟು ಬೇಗ ಕಾಣುವುದಿಲ್ಲ. ಬಹಳ ಹೊತ್ತು ಬಿಸಿಯಲ್ಲಿರುವ ಹಾಲಿನಲ್ಲಿ ಲ್ಯಾಕ್ಟೋಸ್ ಹಾಗೂ ಪ್ರೋಟೀನುಗಳು ಒಂದರೊಡನೊಂದು ಕೂಡಿ ಹೊಸ ಬಣ್ಣ, ಹೊಸ ಪರಿಮಳಗಳನ್ನು ಹುಟ್ಟಿಸುತ್ತವೆ. 1912ರಲ್ಲಿ ಫ್ರಾನ್ಸಿನ ಲೂಯಿ ಕಮಿಲ್ ಮೈಲಾರ್ ಈ ಕ್ರಿಯೆಯನ್ನು ವಿವರಿಸಿದ್ದರಿಂದ ಅದಕ್ಕೆ ಅವರದೇ ಹೆಸರು ನಿಂತಿದೆ. ದೋಸೆ ಕೆಂಪಾಗುವುದರ ಹಿಂದೆಯೂ, ಕಾಫಿ ಬೀಜ ಹುರಿದಾಗ ಏಳುವ ಘಮದ ಹಿಂದೆಯೂ ಇರುವುದು ಇದೇ. ಕಾವಲಿಯ ಮೇಲೆ ಅದು ನಿಮಿಷದಲ್ಲಿ ಮುಗಿಯುತ್ತದೆ. ಹಾಲಿನಲ್ಲಿ ಬಿಸಿ ನೂರು ಡಿಗ್ರಿಯ ಆಚೆ ಹೆಚ್ಚು ಏರದ ಕಾರಣ ನಿಧಾನವಾಗಿ, ಗಂಟೆಯ ಲೆಕ್ಕದಲ್ಲಿ ಸಾಗುತ್ತದೆ. ಬಿಳಿ ಹಾಲು ಮೊದಲು ದಂತದ ಬಣ್ಣಕ್ಕೆ, ಆಮೇಲೆ ತಿಳಿ ಗುಲಾಬಿಗೆ ತಿರುಗುವುದು ಇದರ ಗುರುತು. ಇಲ್ಲಿ ಗಮನಿಸಬೇಕಾದ ಒಂದು ಸಂಗತಿಯಿದೆ. ನಾವು ಡಬ್ಬಿಯಿಂದ ತೆಗೆದು ಹಾಕುವ ಸಕ್ಕರೆ ತಾನಿರುವ ರೂಪದಲ್ಲಿ ಈ ಕ್ರಿಯೆಗೆ ಇಳಿಯುವುದಿಲ್ಲ. ಇಳಿಯುವುದು ಹಾಲಿನೊಳಗಿನ ಲ್ಯಾಕ್ಟೋಸ್. ಅಂದರೆ ಈ ಪರಿಮಳವನ್ನು ಹಾಲು ತನ್ನಿಂದ ತಾನೇ ಹುಟ್ಟಿಸಿಕೊಳ್ಳಬೇಕು. ಸಿಹಿ ಹೆಚ್ಚಿಸಿ ಅದನ್ನು ಕೊಳ್ಳಲಾಗದು.

ಈ ಎರಡು ಕೆಲಸಗಳೂ ಬೇರೆ ಬೇರೆ ಎಂಬುದಕ್ಕೆ ಅತ್ಯುತ್ತಮ ಸಾಕ್ಷಿ ಕೇರಳದ ಆಲಪ್ಪುಳ ಜಿಲ್ಲೆಯ ಅಂಬಲಪ್ಪುಳ ಶ್ರೀಕೃಷ್ಣ ದೇವಸ್ಥಾನದ ಪಾಲ್‌ಪಾಯಸ. ಅಕ್ಕಿ, ಹಾಲು, ಸಕ್ಕರೆ, ನೀರು ಇವಿಷ್ಟರ ಮೇಲೆಯೇ ಅದರ ಹೆಸರು ನಿಂತಿದೆ. ಅಲ್ಲಿ ಹಾಲಿಗಿಂತ ಹೆಚ್ಚು ನೀರು ಬೆರೆಸಿ, ಆ ನೀರೆಲ್ಲ ಹೋಗುವ ತನಕ ಗಂಟೆಗಟ್ಟಲೆ ಕುದಿಸುತ್ತಾರೆ. ಪಾಯಸ ಗಟ್ಟಿಯಾಗುವುದಷ್ಟೇ ಗುರಿಯಾಗಿದ್ದರೆ ಇದು ಅರ್ಥವಿಲ್ಲದ ದುಡಿಮೆ. ಹೊರಹಾಕಲೆಂದೇ ನೀರನ್ನು ಯಾರು ಸೇರಿಸುತ್ತಾರೆ? ಆದರೆ ಎರಡನೆಯ ಕೆಲಸವನ್ನು ನೆನೆದರೆ ಆ ನೀರಿನ ಜಾಣತನ ತಿಳಿಯುತ್ತದೆ. ಅದು ಹಾಲಿಗೆ ಹೊತ್ತನ್ನು ಕೊಡುತ್ತದೆ. ತಳ ಹಿಡಿಯದೆ, ಬೇಗ ಗಟ್ಟಿಯಾಗದೆ, ಇನ್ನಷ್ಟು ಗಂಟೆ ಬೇಯಲು ಅವಕಾಶ ಮಾಡಿಕೊಡುತ್ತದೆ. ಆ ಪಾಯಸದ ತಿಳಿಗೆಂಪು ಬಣ್ಣಕ್ಕೆ ಕೇಸರಿಯ ಹಂಗಿಲ್ಲ. ಮೈಲಾರ್ ಹುಟ್ಟುವುದಕ್ಕೆ ಬಹಳ ಮೊದಲೇ ದೇವಸ್ಥಾನದ ಅಡುಗೆಯವರು ಈ ಕ್ರಿಯೆಯನ್ನು ಕೈಯಳತೆಯಿಂದ ಪಳಗಿಸಿಕೊಂಡಿದ್ದರು.

ಪರಂಪರೆಯ ಅಡುಗೆಯ ಕ್ರಮವನ್ನು ನೋಡಿದರೂ ಇದೇ ತಿಳಿವಳಿಕೆ ಎದ್ದು ಕಾಣುತ್ತದೆ. ಅಕ್ಕಿಯ ಪಾಯಸದಲ್ಲಿ ಅಕ್ಕಿ ಮೊದಲು, ಸಕ್ಕರೆ ಕೊನೆಗೆ. ಅಕ್ಕಿಯೊಳಗಿನ ಪಿಷ್ಟ ನೀರು ಕುಡಿದು ಉಬ್ಬಿದರೆ ಮಾತ್ರ ಕಾಳು ಮೆತ್ತಗಾಗುತ್ತದೆ, ಅದರ ಅಂಟು ಹಾಲಿಗೆ ಇಳಿದು ಪಾಯಸ ಹದವಾಗಿ ಕೂಡಿಕೊಳ್ಳುತ್ತದೆ. ಸಕ್ಕರೆಗೂ ನೀರು ಬೇಕು. ಅದು ಮೊದಲೇ ಬಿದ್ದರೆ ಪಿಷ್ಟಕ್ಕೆ ಸೇರಬೇಕಾದ ನೀರಿಗೆ ಪಾಲುದಾರನಾಗಿ, ಪಿಷ್ಟ ಉಬ್ಬಲು ಇನ್ನೂ ಹೆಚ್ಚಿನ ಬಿಸಿ ಬೇಕಾಗುವಂತೆ ಮಾಡುತ್ತದೆ. ಅರೆಬೆಂದ ಅಕ್ಕಿಗೆ ಸಕ್ಕರೆ ಹಾಕಿದ ಮೇಲೆ ಎಷ್ಟು ಕುದಿಸಿದರೂ ಕಾಳಿನ ನಡು ಗಟ್ಟಿಯಾಗಿ ಉಳಿಯುವುದು ಇದರಿಂದ. ಸುರಕುಂಬಾದಲ್ಲಿ ಕ್ರಮ ತಿರುವುಮುರುವಾಗುತ್ತದೆ. ಅಲ್ಲಿ ಹಾಲನ್ನು ಉತ್ತತ್ತಿಯ ಚೂರುಗಳೊಡನೆ ಮೊದಲೇ ಕಾಯಿಸಿ ಬತ್ತಿಸಿ, ತುಪ್ಪದಲ್ಲಿ ಹುರಿದ ಶ್ಯಾವಿಗೆಯನ್ನು ಕೊನೆಯ ಹಂತದಲ್ಲಿ ಸೇರಿಸುತ್ತಾರೆ. ಕೂದಲೆಳೆಯ ಶ್ಯಾವಿಗೆ ಬೇಯಲು ಕೆಲವೇ ನಿಮಿಷ ಸಾಕು. ಮೊದಲೇ ಹಾಕಿದರೆ ಕರಗಿ ಗಂಜಿಯಾಗುತ್ತದೆ. ಅಕ್ಕಿ ಹಾಲಿನ ಜೊತೆಗೇ ಹೋಗಬೇಕು, ಶ್ಯಾವಿಗೆ ಹಾಲು ಬತ್ತಿದ ಮೇಲೆ ಬರಬೇಕು. ಎರಡೂ ಕಡೆ ಹಾಲಿಗೆ ಸಲ್ಲಬೇಕಾದ ಹೊತ್ತು ಮಾತ್ರ ಕಡಿಮೆಯಾಗಿಲ್ಲ. ಬದಲಾದದ್ದು ಕಾಳಿನ ಸರದಿ ಅಷ್ಟೇ.

ಬೆಲ್ಲದ ವಿಷಯದಲ್ಲಿ ಈ ಎಚ್ಚರ ಇನ್ನೂ ಸೂಕ್ಷ್ಮವಾಗಿದೆ. ಬೆಲ್ಲದಲ್ಲಿ ತುಸು ಆಮ್ಲಗುಣವೂ ಲವಣಾಂಶವೂ ಇರುವುದರಿಂದ ಕುದಿಯುವ ಹಾಲಿಗೆ ಬಿದ್ದರೆ ಹಾಲು ಒಡೆಯುವ ಭಯ. ಇದಕ್ಕೆ ನಾಡು ನಾಡು ತನ್ನದೇ ಪರಿಹಾರ ಕಂಡುಕೊಂಡಿದೆ. ಉತ್ತರ ಕರ್ನಾಟಕದ ಗೋಧಿ ಹುಗ್ಗಿಯಲ್ಲಿ ಗೋಧಿ ಬೇಯುವುದು ಬೆಲ್ಲದ ಜೊತೆ; ಹಾಲು, ತುಪ್ಪ ಸೇರುವುದು ತಾಟಿಗೆ ಬಡಿಸಿದ ಮೇಲೆ. ಹಳೆ ಮೈಸೂರಿನ ಗಸಗಸೆ ಪಾಯಸದಲ್ಲಿ ಅರೆದ ಗಸಗಸೆ, ತೆಂಗಿನಕಾಯಿ ಬೆಲ್ಲದೊಡನೆ ಕುದಿದು ಮುಗಿದ ಬಳಿಕ ಹಾಲು ಬರುತ್ತದೆ. ಕರಾವಳಿಯಲ್ಲಿ ಹೆಸರುಬೇಳೆ, ಕಡಲೆಬೇಳೆ ಪಾಯಸಗಳಿಗೆ ಹಸುವಿನ ಹಾಲನ್ನೇ ಬಿಟ್ಟು ತೆಂಗಿನ ಹಾಲನ್ನು ಹಿಡಿದಿದ್ದಾರೆ. ತೆಳು ಹಾಲಿನಲ್ಲಿ ಬೇಳೆ ಬೇಯಿಸಿ, ಮೊದಲು ಹಿಂಡಿದ ದಪ್ಪ ಹಾಲನ್ನು ಕೊನೆಗೆ ಹಾಕಿ ಕುದಿ ಬರುವ ಮುನ್ನ ಇಳಿಸುತ್ತಾರೆ. ಬಂಗಾಳದಲ್ಲಿ ಚಳಿಗಾಲದ ಈಚಲ ಬೆಲ್ಲದ ಪಾಯೇಶ್ ಮಾಡುವವರು ಗೋವಿಂದಭೋಗ ಅಕ್ಕಿಯನ್ನು ಹಾಲಿನಲ್ಲಿ ಬೇಯಿಸಿ ಬತ್ತಿಸಿ, ಒಲೆಯಿಂದ ಇಳಿಸಿ ಬಿಸಿ ತಗ್ಗಿದ ಮೇಲೆ ಬೆಲ್ಲ ಬೆರೆಸುತ್ತಾರೆ. ದೂರ ದೂರದ ಈ ಅಡುಗೆಮನೆಗಳೆಲ್ಲ ಒಂದೇ ನಿಯಮಕ್ಕೆ ಬಂದು ಮುಟ್ಟಿವೆ: ಹಾಲೂ ಬೆಲ್ಲವೂ ಒಂದೇ ಪಾತ್ರೆಯಲ್ಲಿ ಹೆಚ್ಚು ಹೊತ್ತು ಒಟ್ಟಿಗೆ ಕುದಿಯಕೂಡದು.

ಈಗ ಅಡ್ಡದಾರಿಗಳನ್ನು ಈ ಅಳತೆಗೋಲಿಗೆ ಹಚ್ಚಬಹುದು. ಕಂಡೆನ್ಸ್ಡ್ ಮಿಲ್ಕ್ ನೀರು ತೆಗೆದ ಹಾಲೇ. ಅಮೆರಿಕದ ಗೇಲ್ ಬೋರ್ಡನ್ 1856ರಲ್ಲಿ ಇದಕ್ಕೆ ಪೇಟೆಂಟ್ ಪಡೆದದ್ದು ಹಾಲು ಕೆಡದೆ ದೂರ ಸಾಗಲಿ ಎಂಬ ಒಳ್ಳೆಯ ಉದ್ದೇಶದಿಂದ. ಆದರೆ ಅವರ ವಿಧಾನದ ಹೆಚ್ಚುಗಾರಿಕೆ ಇದ್ದದ್ದು ಗಾಳಿ ತೆಗೆದ ಪಾತ್ರೆಯಲ್ಲಿ. ಒತ್ತಡ ಕಡಿಮೆಯಾದಾಗ ನೀರು ಕಡಿಮೆ ಬಿಸಿಗೇ ಆವಿಯಾಗುತ್ತದೆ, ಹಾಲಿಗೆ ಬೆಂದ ವಾಸನೆ ಹತ್ತುವುದಿಲ್ಲ. ಕಾರ್ಖಾನೆಗಳು ಇಂದಿಗೂ ಅನುಸರಿಸುವ ತತ್ವ ಇದೇ. ಡಬ್ಬದ ಹಾಲಿಗೆ ಅದು ಗುಣ. ಪಾಯಸಕ್ಕೆ ಅದೇ ಕೊರತೆ. ಮೊದಲ ಕೆಲಸ ಆಗಿದೆ, ಎರಡನೆಯದು ಬಹುಪಾಲು ಆಗಿಲ್ಲ. ಜೊತೆಗೆ ಅದರ ತೂಕದಲ್ಲಿ ನೂರಕ್ಕೆ 40ರಿಂದ 45ರಷ್ಟು ಸೇರಿಸಿದ ಸಕ್ಕರೆ. ಕಸ್ಟರ್ಡ್ ಪುಡಿಯಲ್ಲಿರುವುದು ಮುಖ್ಯವಾಗಿ ಮೆಕ್ಕೆಜೋಳದ ಪಿಷ್ಟ, ಬಣ್ಣ, ಪರಿಮಳ. ಅದು ಹಾಲಿನ ನೀರನ್ನು ಹೊರಗೆ ಕಳಿಸದೆ ಒಳಗೇ ಹಿಡಿದಿಟ್ಟು ಗಟ್ಟಿತನದ ಭ್ರಮೆ ಹುಟ್ಟಿಸುತ್ತದೆ. ಎರಡೂ ಕೆಲಸ ಬಾಕಿ. ಹಾಲಿನ ಪುಡಿಗೆ ಇಷ್ಟು ಕಠಿಣ ಮಾತು ಸಲ್ಲದು. ಅದೂ ನೀರು ತೆಗೆದ ಹಾಲು, ಸಕ್ಕರೆಯ ಭಾರವಿಲ್ಲ. ಮದುವೆಯ ಅಡುಗೆ ಭಟ್ಟರು ನೂರಾರು ಜನರಿಗೆ ಬಡಿಸುವಾಗ ಅದನ್ನು ಹಿಡಿದರೆ ತಪ್ಪು ಹುಡುಕಲಾರೆ. ಆದರೂ ಬೆಂದ ಪರಿಮಳಕ್ಕೆ ಹಂಡೆ ಒಲೆಯ ಮೇಲೆ ನಿಲ್ಲಲೇಬೇಕು.

ಈ ವಾದಕ್ಕೆ ಎದುರಾಗುವ ಗಟ್ಟಿ ಆಕ್ಷೇಪ ಪ್ರೆಷರ್ ಕುಕ್ಕರ್‌ನದು. ಹಾಲು, ಅಕ್ಕಿ ಹಾಕಿ ಸಣ್ಣ ಉರಿಯಲ್ಲಿ ಅರ್ಧ ಗಂಟೆ ಇಟ್ಟರೆ ಗುಲಾಬಿ ಬಣ್ಣದ ಪಾಯಸ ಸಿಗುತ್ತದಲ್ಲ, ಹಾಗಿದ್ದಲ್ಲಿ ನಿಂತು ಬತ್ತಿಸುವ ಕಷ್ಟವೇಕೆ ಎಂದು ಕೇಳುವವರ ಮಾತಿನಲ್ಲಿ ಹುರುಳಿದೆ. ಕುಕ್ಕರ್ ಒಳಗಿನ ಬಿಸಿ 120 ಡಿಗ್ರಿಯ ಹತ್ತಿರ ಹೋಗುತ್ತದೆ. ಸಮುದ್ರಮಟ್ಟದಿಂದ 900 ಮೀಟರ್ ಎತ್ತರದ ಬೆಂಗಳೂರಿನಲ್ಲಿ ತೆರೆದ ಪಾತ್ರೆಯ ನೀರು 97 ಡಿಗ್ರಿಗೇ ಕುದಿಯುವುದನ್ನು ನೆನೆದರೆ ಈ ಅಂತರ ಸಣ್ಣದಲ್ಲ. ಹೆಚ್ಚು ಬಿಸಿಯಲ್ಲಿ ಪರಿಮಳದ ಕ್ರಿಯೆ ಬೇಗ ಮುಗಿಯುವುದು ನಿಜ, ಬಣ್ಣವೂ ನಿಜವಾದದ್ದೇ. ಆದರೆ ಮುಚ್ಚಳ ಬಿಗಿದ ಪಾತ್ರೆಯಿಂದ ನೀರು ಹೋಗಲಾರದು. ಕುಕ್ಕರ್ ಎರಡನೆಯ ಕೆಲಸವನ್ನು ಮಾಡಿ ಮೊದಲನೆಯದನ್ನು ನಮಗೆ ಬಿಡುತ್ತದೆ; ಕಂಡೆನ್ಸ್ಡ್ ಮಿಲ್ಕ್‌ಗೆ ಸರಿಯಾಗಿ ವಿರುದ್ಧ. ಹಾಗಾಗಿ ನ್ಯಾಯವಾದ ತೀರ್ಮಾನ ಇದು: ಒತ್ತಡ ಇಳಿದ ಮೇಲೆ ಮುಚ್ಚಳ ತೆಗೆದು, ಅಗಲ ಪಾತ್ರೆಗೆ ಸುರಿದು, ಇನ್ನು ಇಪ್ಪತ್ತು ನಿಮಿಷ ಕೈಯಾಡಿಸುತ್ತ ಬತ್ತಿಸಿ, ಆಮೇಲೆ ಸಕ್ಕರೆ ಹಾಕಿದರೆ ಕುಕ್ಕರ್ ಪಾಯಸಕ್ಕೆ ಹೆಸರಿಡುವಂತಿಲ್ಲ. ಆಗ ಎರಡು ಕೆಲಸಗಳೂ ನಡೆದಿವೆ. ಮುಚ್ಚಳ ತೆಗೆದ ಕೂಡಲೇ ಬಡಿಸಿದರೆ ಮಾತ್ರ ಬಣ್ಣವಿದ್ದೂ ಮೈ ತುಂಬದ ಪಾಯಸ ಸಿಗುತ್ತದೆ.

ಗ್ಯಾಸ್ ಖರ್ಚಿನ ಮಾತೂ ಬರುತ್ತದೆ. ಲೆಕ್ಕ ಹಾಕಿ ನೋಡೋಣ. ಒಂದು ಲೀಟರ್ ಹಾಲನ್ನು ಕುದಿಗೆ ತರಲು ಸುಮಾರು 300 ಕಿಲೋಜೌಲ್ ಶಾಖ ಬೇಕು; ಅದರಲ್ಲಿ ಅರ್ಧ ಲೀಟರ್ ನೀರನ್ನು ಆವಿಯಾಗಿಸಲು 1,130 ಕಿಲೋಜೌಲ್. ಒಂದು ಕಿಲೋ ಅಡುಗೆ ಅನಿಲ ಕೊಡುವ ಶಾಖ ಸುಮಾರು 46,000 ಕಿಲೋಜೌಲ್. ಒಲೆಯಲ್ಲಿ ಅರ್ಧದಷ್ಟು ಶಾಖ ವ್ಯರ್ಥ ಎಂದುಕೊಂಡರೂ 60-65 ಗ್ರಾಂ ಅನಿಲದಲ್ಲಿ ಕೆಲಸ ಮುಗಿಯಬೇಕು. ಸಣ್ಣ ಉರಿಯ ನಷ್ಟಕ್ಕೆಂದು ಇನ್ನಷ್ಟು ಸೇರಿಸಿ 100 ಗ್ರಾಂ ಎಂದೇ ಹಿಡಿಯಿರಿ, 14.2 ಕಿಲೋ ಸಿಲಿಂಡರ್ 140 ಹಬ್ಬದ ಪಾಯಸಕ್ಕೆ ಸಾಕು. ಒಂದು ಡಬ್ಬ ಕಂಡೆನ್ಸ್ಡ್ ಮಿಲ್ಕ್ ಬೆಲೆ ಇದಕ್ಕಿಂತ ಬಹಳ ಹೆಚ್ಚು. ಆರೋಗ್ಯದ ದೃಷ್ಟಿಯಿಂದ ಪಾಯಸವೇ ಬೇಡ ಎನ್ನುವವರಿಗೂ ಈ ಲೆಕ್ಕ ಉಪಯೋಗಕ್ಕೆ ಬರುತ್ತದೆ. 400 ಗ್ರಾಂ ಡಬ್ಬವೊಂದನ್ನು ಲೀಟರ್ ಹಾಲಿಗೆ ಸುರಿದರೆ 160ರಿಂದ 180 ಗ್ರಾಂ ಸಕ್ಕರೆ ಪಾಯಸಕ್ಕೆ ಇಳಿಯುತ್ತದೆ. ಹಾಲನ್ನೇ ಬತ್ತಿಸಿದರೆ 80ರಿಂದ 100 ಗ್ರಾಂ ಸಕ್ಕರೆಯಲ್ಲಿ ಸಿಹಿ ಹದಕ್ಕೆ ಬರುತ್ತದೆ, ಏಕೆಂದರೆ ಲ್ಯಾಕ್ಟೋಸ್ ಆಗಲೇ ಮಂದವಾದ ಸಿಹಿಯ ತಳಪಾಯ ಹಾಕಿರುತ್ತದೆ. ಮಧುಮೇಹ ಇರುವವರಿಗೆ ಇದೂ ಎಚ್ಚರದ ತಿನಿಸೇ. ಹಾಗಿದ್ದೂ ಸಾರವಿರುವ ಪಾಯಸ ಅರ್ಧ ಬಟ್ಟಲಿಗೇ ತೃಪ್ತಿ ಕೊಡುತ್ತದೆ. ತೆಳುವಾದ ಸಿಹಿ ಮತ್ತೊಂದು ಬಟ್ಟಲು ಕೇಳಿಸುತ್ತದೆ. ಹಾಲು ಒಗ್ಗದವರಿಗೆ ಕರಾವಳಿಯ ತೆಂಗಿನ ಹಾಲಿನ ಪಾಯಸ ಮೊದಲಿನಿಂದಲೂ ಇದೆ.

ಇವೆಲ್ಲಕ್ಕಿಂತ ತೂಕದ ಆಕ್ಷೇಪ ಇನ್ನೊಂದಿದೆ. ಆ ಒಂದು ಗಂಟೆ ಯಾರದು? ಹಬ್ಬದ ಬೆಳಗ್ಗೆ ಕೋಸಂಬರಿ, ಪಲ್ಯ, ಹೋಳಿಗೆ, ಸಾರುಗಳ ನಡುವೆ ಒಲೆಯ ಮುಂದೆ ನಿಂತು ಸೌಟಾಡಿಸುವವರು ಬಹುಪಾಲು ಮನೆಯ ಹೆಂಗಸರೇ. ಉಳಿದವರು ಟಿವಿಯ ಮುಂದೆ ಕೂತು ರುಚಿಯ ಗುಣಗಾನ ಮಾಡುವುದಾದರೆ, ಡಬ್ಬ ತೆರೆದು ಹತ್ತು ನಿಮಿಷದಲ್ಲಿ ಮುಗಿಸುವ ಅವರ ನಿರ್ಧಾರವನ್ನು ಪ್ರಶ್ನಿಸುವ ಹಕ್ಕು ಯಾರಿಗೂ ಇಲ್ಲ. ಅಡ್ಡದಾರಿ ಅಡುಗೆಮನೆಗೆ ಬಂದದ್ದು ಸೋಮಾರಿತನದಿಂದಲ್ಲ, ದಣಿವಿನಿಂದ. ಈ ಸತ್ಯವನ್ನು ಒಪ್ಪದೆ ನಿಧಾನದ ಅಡುಗೆಯನ್ನು ಹೊಗಳುವುದು ಅನ್ಯಾಯ. ಆದರೆ ಇದಕ್ಕೆ ಮದ್ದು ರುಚಿಯನ್ನು ಕೈಬಿಡುವುದರಲ್ಲಿಲ್ಲ, ಸೌಟನ್ನು ಹಂಚಿಕೊಳ್ಳುವುದರಲ್ಲಿದೆ. ಹಬ್ಬದಡುಗೆಯಲ್ಲಿ ಹೊಸಬರ ಕೈಗೆ ಕೊಡಬಹುದಾದ ಅತಿ ಸುಲಭದ ಕೆಲಸ ಪಾಯಸ ಬತ್ತಿಸುವುದು. ಹೋಳಿಗೆ ತಟ್ಟಲು, ಒಗ್ಗರಣೆ ಹದ ನೋಡಲು ಅಭ್ಯಾಸ ಬೇಕು. ತಳ ಹಿಡಿಯದಂತೆ ಕೈಯಾಡಿಸಲು ಬೇಕಾದದ್ದು ತಾಳ್ಮೆ ಮತ್ತು ಗಮನ. ಅವು ಗಂಡಸರಿಗೂ, ಕಾಲೇಜಿಗೆ ಹೋಗುವ ಮಕ್ಕಳಿಗೂ ಇವೆ. ಹೊತ್ತನ್ನು ಎರಡು ಭಾಗ ಮಾಡುವ ದಾರಿಯೂ ಉಂಟು. ಹಿಂದಿನ ಸಂಜೆಯೇ ಹಾಲನ್ನು ಮುಕ್ಕಾಲು ಭಾಗಕ್ಕೆ ಬತ್ತಿಸಿ, ಆರಿಸಿ ಫ್ರಿಜ್‌ನಲ್ಲಿಟ್ಟರೆ ಬೆಳಗ್ಗೆ ಅಕ್ಕಿ ಬೇಯುವಷ್ಟು ಹೊತ್ತು ಮಾತ್ರ ಬೇಕಾಗುತ್ತದೆ.

ಮಾಡುವವರಿಗಾಗಿ ಕ್ರಮವನ್ನು ಒಟ್ಟಿಗೆ ಹೇಳುತ್ತೇನೆ. ಒಂದು ಲೀಟರ್ ಗಟ್ಟಿ ಹಾಲು, 60 ಗ್ರಾಂ ಅಕ್ಕಿ, 80ರಿಂದ 100 ಗ್ರಾಂ ಸಕ್ಕರೆ. ನಂದಿನಿ ಹಾಲು ತರುವವರಾದರೆ 3 ಪ್ರತಿಶತ ಕೊಬ್ಬಿನ ಟೋನ್ಡ್ ಹಾಲಿಗಿಂತ 4.5 ಪ್ರತಿಶತದ ಶುಭಂ ಅಥವಾ 6 ಪ್ರತಿಶತದ ಸಮೃದ್ಧಿ ವಾಸಿ. ಬೇಗ ಮೈ ತುಂಬುತ್ತದೆ. ಅಕ್ಕಿ ಸಣ್ಣ ಕಾಳಿನದಾಗಿರಲಿ. ಜೀರಿಗೆ ಸಣ್ಣ, ಗಂಧಸಾಲೆಯಂಥ ಪರಿಮಳದ ನಾಟಿ ತಳಿ ಸಿಕ್ಕರೆ ಏಲಕ್ಕಿಯ ಕೆಲಸವೂ ಅರ್ಧ ಮುಗಿದಂತೆ. ಇಲ್ಲವಾದರೆ ಸೋನಾ ಮಸೂರಿಯೂ ಆಗುತ್ತದೆ. ಅಕ್ಕಿಯನ್ನು ತೊಳೆದು ಅರ್ಧ ಗಂಟೆ ನೆನೆಸಿ, ಬಸಿದು, ಅರ್ಧ ಚಮಚ ತುಪ್ಪದಲ್ಲಿ ಬಣ್ಣ ತಿರುಗದಂತೆ ಬೆಚ್ಚಗೆ ಮಾಡಿಕೊಳ್ಳಿ. ದಪ್ಪ ತಳದ, ಅಗಲ ಬಾಯಿಯ ಪಾತ್ರೆ ಇರಲಿ. ಕಲಾಯಿ ಹಾಕಿಸಿದ ಹಿತ್ತಾಳೆ ಉರುಳಿ ಇದ್ದರಂತೂ ಇನ್ನೂ ಒಳ್ಳೆಯದು. ಹಾಲಿಗೆ ಮುಂಚೆ ಒಂದು ಲೋಟ ನೀರು ಕುದಿಸಿ, ಮೇಲೆ ಹಾಲು ಹಾಕಿ. ಸೀಯುವ ಭಯ ತಗ್ಗುತ್ತದೆ, ಬೇಯುವ ಹೊತ್ತೂ ಸಿಗುತ್ತದೆ. ಹಾಲು ಕುದಿದ ಮೇಲೆ ಅಕ್ಕಿ ಸೇರಿಸಿ ಉರಿ ಸಣ್ಣದು ಮಾಡಿ, ಕೆನೆಯನ್ನು ಮಡಚುತ್ತ, ಅಂಚನ್ನು ಕೆರೆಯುತ್ತ, ತಳ ಮುಟ್ಟಿ ಕೈಯಾಡಿಸಿ. ಸೀದ ವಾಸನೆ ಬಂದರೆ ತಳ ಕೆರೆಯದೆ ಮೇಲಿನ ಹಾಲನ್ನು ಕೂಡಲೇ ಬೇರೆ ಪಾತ್ರೆಗೆ ಬಗ್ಗಿಸಿ. ಕಾಳು ಎರಡು ಬೆರಳ ನಡುವೆ ಪೂರಾ ನುಣುಪಾದ ಮೇಲಷ್ಟೇ ಸಕ್ಕರೆ. ಅದು ಕರಗಿದಾಗ ಪಾಯಸ ಸ್ವಲ್ಪ ನೀರಾಗುತ್ತದೆ. ಇನ್ನು ಐದು ನಿಮಿಷ ಕುದಿಸಿ. ಏಲಕ್ಕಿ ಪುಡಿ ಒಲೆಯಿಂದ ಇಳಿಸಿದ ಮೇಲೆ, ಅದರ ಪರಿಮಳ ಕುದಿಯಲ್ಲಿ ಹಾರಿಹೋಗುತ್ತದೆ. ಆರಿದಂತೆ ಪಾಯಸ ತಾನೇ ಬಿಗಿಯಾಗುವುದರಿಂದ ಬೇಕಾದ ಹದಕ್ಕಿಂತ ತುಸು ತೆಳ್ಳಗಿರುವಾಗಲೇ ಇಳಿಸಿ. ಉಳಿದದ್ದನ್ನು ಹೊತ್ತು ಕಳೆಯದೆ ಫ್ರಿಜ್‌ಗೆ ಸೇರಿಸಿ, ಮರುದಿನ ಸ್ವಲ್ಪ ಬಿಸಿ ಹಾಲು ಬೆರೆಸಿದರೆ ಬಿಗಿದ ಕಾಳು ಸಡಿಲವಾಗುತ್ತದೆ.

ವರ್ಷವಿಡೀ ಅಡುಗೆಯಲ್ಲಿ ಅವಸರ ಮಾಡುವುದು ನಮ್ಮೆಲ್ಲರ ಪಾಡು, ಅದರಲ್ಲಿ ನಾಚಿಕೆಪಡುವಂಥದ್ದೇನೂ ಇಲ್ಲ. ವಾರದ ನಡುವಿನ ಒಂದು ದಿನ ಸಿಹಿ ತಿನ್ನುವ ಆಸೆಯಾದರೆ ಡಬ್ಬ ತೆರೆಯಿರಿ, ಪೊಟ್ಟಣ ಬಿಚ್ಚಿರಿ. ಹಬ್ಬದ ದಿನ ಮಾತ್ರ ಬೇರೆಯಾಗಿರಲಿ. ಗೋಡಂಬಿ, ಕೇಸರಿ, ಬಾದಾಮಿಗೆ ಇಟ್ಟ ದುಡ್ಡಿನಲ್ಲಿ ಸ್ವಲ್ಪ ಉಳಿಸಿ ಒಳ್ಳೆಯ ಹಾಲು ತನ್ನಿ, ಮನೆಯ ನಾಲ್ಕು ಜನ ಕಾಲು ಕಾಲು ಗಂಟೆ ಸರದಿಯಲ್ಲಿ ಸೌಟು ಹಿಡಿಯಿರಿ. ಹಾಲು ಪಾಯಸ ನಮ್ಮಿಂದ ಕೇಳುವುದು ಅಷ್ಟನ್ನೇ.